ಕಪ್ಪತಗುಡ್ಡಕ್ಕೆ ಡೋಣಿಯ ಕಾಲುದಾರಿ

ಹುಬ್ಬಳ್ಳಿ-ಧಾರವಾಡದವರಿಗೆ ಗುಡ್ಡ ಹತ್ತುವ ಹುಕಿ ಬಂದರೆ ಗಾಡಿ ತಾನಾಗಿಯೇ ಪಶ್ಚಿಮಕ್ಕೆ ತಿರುಗುತ್ತದೆ. ದಾಂಡೇಲಿ, ಉಳವಿ, ಯಾಣ. ರಜೆ ಹೆಚ್ಚಿದ್ದವರಿಗೆ ಕುದುರೆಮುಖ. ಪೂರ್ವಕ್ಕೆ ಏನಿದೆ, ಬರೀ ಎರೆಹೊಲ ಮತ್ತು ಬಿಸಿಲು ಎಂಬುದು ನಮ್ಮಲ್ಲಿ ಬಹುಮಂದಿಯ ತೀರ್ಮಾನ. ಗದಗ ದಾಟಿ ಮುಂಡರಗಿ ರಸ್ತೆ ಹಿಡಿದರೆ ಬಲಗಡೆಗೆ ಬಹುದೂರ ಜೊತೆಗೇ ಬರುವ ನೀಲಿ ಸಾಲನ್ನು ಅವರೂ ನೋಡಿರುತ್ತಾರೆ, ಆದರೆ ಬಸ್ಸಿನ ಕಿಟಕಿಯಿಂದ. ಅದೇ ಕಪ್ಪತಗುಡ್ಡ. ಗದಗಿನ ಸಮೀಪದ ಬಿಂಕದಕಟ್ಟಿಯ ಕಡೆಯಿಂದ ಹೊರಟು, ಶಿಂಗಟಾಲೂರಿನ ಹತ್ತಿರ ತುಂಗಭದ್ರೆಯ ದಂಡೆಗೆ ಹೋಗಿ ನಿಲ್ಲುವ, ಸುಮಾರು ಅರವತ್ತು ಕಿಲೋಮೀಟರ್ ಉದ್ದದ ಸಾಲು. "ಎಪ್ಪತ್ತು ಗಿರಿ ನೋಡುವುದಕ್ಕಿಂತ ಕಪ್ಪತಗಿರಿ ನೋಡು" ಎಂದು ಈ ಭಾಗದ ಹಿರಿಯರು ಹೇಳುವುದುಂಟು. ಎಪ್ಪತ್ತು ಗಿರಿ ಕಂಡವನಲ್ಲವಾದ್ದರಿಂದ ಅದರ ಸತ್ಯಾಸತ್ಯದ ಬಗ್ಗೆ ನಾನು ಬಾಯಿ ಹಾಕುವುದಿಲ್ಲ. ಪ್ರಾಸವಂತೂ ಚೆನ್ನಾಗಿದೆ.

ಸೀಗಿ ಹುಣ್ಣಿಮೆಯ ದಿನವೇ ಹೋಗೋಣ ಎಂದು ಹಟ ಹಿಡಿದದ್ದು ಅಕ್ಕನ ಮಗಳು. ಕಾಲೇಜಿನ ಹುಡುಗಿ, ಹೊಲದ ಹಬ್ಬವನ್ನು ಮೊಬೈಲಿನಲ್ಲಿ ಮಾತ್ರ ನೋಡಿದವಳು. ಜೊತೆಗೆ ಭೂವಿಜ್ಞಾನ ಕಲಿಸುವ ಗೆಳೆಯರೊಬ್ಬರು. ಅವರನ್ನು ನಾವು ಮಾಸ್ತರರು ಎಂದೇ ಕರೆಯುವುದು. ದಾರಿ ತೋರಿಸಲು ಗುಡ್ಡದ ಬುಡದ ಊರು ಡೋಣಿಯಲ್ಲಿ ಒಬ್ಬ ಹಿರಿಯರು ಸಿಕ್ಕಿದ್ದರು. ನಾವು ಅವರನ್ನು ಕಾಕಾ ಎಂದೆವು. ಅರವತ್ತು ದಾಟಿದವರು, ಚಿಕ್ಕಂದಿನಿಂದ ಇದೇ ಗುಡ್ಡದ ಸೆರಗಿನಲ್ಲಿ ಕುರಿ ಕಾಯ್ದವರು. ಕೂಲಿ ಎಷ್ಟು ಎಂದು ಕೇಳಿದರೆ ಆ ಮಾತು ಆಮೇಲೆ ಎಂದರು. ಅವರ ಕರಾರು ಬೇರೆಯೇ ಇತ್ತು: "ನಸುಕಿನಲ್ಲೇ ಬರಬೇಕು. ಹನ್ನೆರಡರೊಳಗೆ ನಾನು ಕೆಳಗಿರಬೇಕು. ಚರಗ ಚೆಲ್ಲುವುದು ನಿಮಗಾಗಿ ಕಾಯುವುದಿಲ್ಲ." ಚರಗ ಎಂದರೆ ಹಬ್ಬದ ಅಡುಗೆ ಕಲಸಿ ಹೊಲಕ್ಕೆ ಚೆಲ್ಲುವ ನೈವೇದ್ಯ.

ಊರ ಹೊರಗಿನ ಹೊಲಗಳನ್ನು ದಾಟುವಾಗ ಇನ್ನೂ ಮಬ್ಬುಗತ್ತಲು. ಮೇಲಕ್ಕೆ ವಾಹನ ಹೋಗುವ ದಾರಿಯೂ ಇದೆ. ಅದರಲ್ಲಿ ಹೋದವರು ಗುಡ್ಡದ ತುದಿಯನ್ನು ನೋಡುತ್ತಾರೆ, ಗುಡ್ಡವನ್ನಲ್ಲ. ನಾವು ಹಿಡಿದದ್ದು ಕುರಿದಾರಿ. ಕಾಕಾ ಅವರ ಕಾಲಲ್ಲಿ ಟೈರಿನ ಅಟ್ಟೆಯ ಮೆಟ್ಟು, ಹೆಗಲ ಮೇಲೆ ಕಂಬಳಿ, ಕೈಯಲ್ಲಿ ಕೋಲು. ನಮ್ಮ ಕಾಲಲ್ಲಿ ಸಾವಿರಾರು ರೂಪಾಯಿಯ ಬೂಟು. ಮೊದಲ ಏರಿನಲ್ಲೇ ನಮಗೆ ಏದುಸಿರು, ಅವರಿಗೆ ಮಾತು.

ಮಲೆನಾಡಿನ ಕಾಡನ್ನು ಮನಸ್ಸಿನಲ್ಲಿಟ್ಟುಕೊಂಡು ಇಲ್ಲಿಗೆ ಬಂದರೆ ನಿರಾಸೆ ಖಂಡಿತ. ಇದು ಕುರುಚಲು ಕಾಡು. ಮಳೆಗಾಲ ಮುಗಿಯುವ ಹೊತ್ತಿಗೆ ಇಡೀ ಇಳಿಜಾರು ಹಸಿರಾಗುತ್ತದೆ ನಿಜ, ಆದರೆ ಆ ಹಸಿರಿನಲ್ಲಿ ಹೆಚ್ಚಿನದು ಎದೆಮಟ್ಟದ್ದು. ಇಲ್ಲಿ ತಲೆಯೆತ್ತಿ ನೋಡುವುದಕ್ಕಿಂತ ಬಗ್ಗಿ ನೋಡುವುದೇ ಜಾಸ್ತಿ. ಔಷಧಿ ಸಸ್ಯಗಳಿಗೆ ಕಪ್ಪತಗುಡ್ಡ ಹೆಸರಾದದ್ದು. ಅವುಗಳಲ್ಲಿ ಅನೇಕವು ತೋರಿಸಿಕೊಡುವವರಿಲ್ಲದಿದ್ದರೆ ಕಾಲಡಿಯ ಕಸ. ಕಾಕಾ ಒಂದು ಪೊದೆಯ ಮುಂದೆ ನಿಂತು ಎಲೆ ಕಿತ್ತು ಹುಡುಗಿಯ ಅಂಗೈಗೆ ಹಾಕಿ, "ತಿಕ್ಕು ತಾಯಿ" ಎಂದರು. ಉದ್ದನೆಯ ಸಣ್ಣ ಎಲೆ, ಮೇಲೆ ಮೆರುಗೆಣ್ಣೆ ಬಳಿದಂತೆ ಹೊಳಪು. ತಿಕ್ಕಿದಾಗ ಬೆರಳಿಗೆ ಅಂಟು ಹತ್ತಿತು, ಒಗರು ವಾಸನೆ ಮೂಗಿಗೆ ಏರಿತು. ಬಂದರಿಕೆ. ಕುರಿಯ ಕಾಲು ಉಳುಕಿದರೆ ಇದರ ಎಲೆ ಜಜ್ಜಿ ಕಟ್ಟುತ್ತಾರಂತೆ. "ಕುರಿಗೆ ಮಾತ್ರವಾ ಅಜ್ಜಾ?" ಎಂದು ಅವಳು ಕೇಳಿದಳು. "ಗುಡ್ಡ ಇಳಿಯುವಾಗ ನೀನು ಬಿದ್ದರೆ ನಿನಗೂ" ಎಂದರು.

ಮಧುನಾಶಿನಿಯ ಬಳ್ಳಿ ಸಿಕ್ಕಾಗ ನಾವೆಲ್ಲ ಮಕ್ಕಳಾದೆವು. ಅದರ ಎಲೆ ಜಗಿದು ಉಗಿದು, ಆಮೇಲೆ ಬೆಲ್ಲ ಬಾಯಿಗೆ ಹಾಕಿಕೊಂಡರೆ ಸಿಹಿಯೇ ಗೊತ್ತಾಗುವುದಿಲ್ಲ, ಮಣ್ಣು ತಿಂದಂತಾಗುತ್ತದೆ. ಸಕ್ಕರೆ ಕಾಯಿಲೆಗೆ ಅದು ಔಷಧಿ ಎಂದು ಹೆಸರು ಬಂದ ಮೇಲೆ ಬಳ್ಳಿಯನ್ನು ಬುಡಸಮೇತ ಕಿತ್ತೊಯ್ಯುವವರು ಹುಟ್ಟಿಕೊಂಡಿದ್ದಾರೆ ಎಂದು ಕಾಕಾ ಬೈದುಕೊಂಡರು. ತಾವು ಕಿತ್ತದ್ದು ಒಂದೇ ಎಲೆ. ಅದನ್ನೇ ಹರಿದು ನಾಲ್ವರಿಗೂ ಹಂಚಿದ್ದರು.

ಮಾಸ್ತರರ ಕಣ್ಣು ಮಾತ್ರ ಗಿಡದ ಮೇಲೆ ನಿಲ್ಲಲಿಲ್ಲ. ದಾರಿಯಲ್ಲಿ ಕೆಂಪು ಮತ್ತು ಕಪ್ಪು ಪಟ್ಟೆಗಳು ಒಂದರ ಮೇಲೊಂದು ಕೂತ ಬಂಡೆ ಕಂಡದ್ದೇ ಅವರು ಚೀಲ ಇಳಿಸಿ ಕುಳಿತುಬಿಟ್ಟರು. ಕಬ್ಬಿಣದ ಅಂಶವಿರುವ ಪಟ್ಟೆಗಲ್ಲು. ಈ ಸಾಲಿನ ಕಲ್ಲುಗಳಿಗೆ 250 ಕೋಟಿ ವರ್ಷಕ್ಕೂ ಮೀರಿದ ವಯಸ್ಸು. ಈ ಭಾಗದ ಇಂಥ ಪ್ರಾಚೀನ ಶಿಲೆಗಳ ಗುಂಪಿಗೆ ಜಗತ್ತಿನ ಭೂವಿಜ್ಞಾನಿಗಳು ಕರೆಯುವ ಹೆಸರು ಧಾರವಾಡ. ಆ ಹೆಸರಿಟ್ಟವರು ಬ್ರಿಟಿಷ್ ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್. ಧಾರವಾಡ ಎಂದರೆ ಪೇಡೆ ಎಂದಷ್ಟೇ ತಿಳಿದಿದ್ದ ಹುಡುಗಿಗೆ ಇದು ಹೊಸ ಸುದ್ದಿ. ಅದೇ ಫೂಟ್ 1874ರಲ್ಲಿ ಈ ಗುಡ್ಡದ ಚಿನ್ನದ ಬಗ್ಗೆ ಬರೆದಿದ್ದರು. ಆಗ ಇಂಗ್ಲಿಷರ ಬಾಯಲ್ಲಿ ಇದು, ಹತ್ತಿರದ ಊರಿನ ಹೆಸರಿನಲ್ಲಿ, ಡಂಬಳದ ಗುಡ್ಡ. ಮಳೆ ಬಿದ್ದ ಮೇಲೆ ಇಲ್ಲಿನ ಹಳ್ಳಗಳ ಮರಳನ್ನು ಮರದ ಮರಿಗೆಯಲ್ಲಿ ತೊಳೆದು ಚಿನ್ನದ ಕಣ ತೆಗೆಯುವ ಜಾಲಗಾರರು ಅದಕ್ಕೂ ಮೊದಲೇ ಇದ್ದರು. ಸೊರಟೂರಿನ ಹಳ್ಳ, ಡೋಣಿಯ ಹಳ್ಳ ಅವರಿಗೆ ಹೆಸರಾದ ಜಾಗಗಳು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಕಂಪನಿಗಳವರು ಬಂದು ಗಣಿ ತೋಡಿದರು, ಬಾಳಿಕೆ ಬರಲಿಲ್ಲ, ಎದ್ದು ಹೋದರು.

ಕಾಕಾ ಇದನ್ನೆಲ್ಲ ಕೇಳಿ ತಲೆಯಾಡಿಸಿ, "ಚಿನ್ನ ಇರುವುದು ಖರೆ ಮಾಸ್ತರರೇ. ಅದು ಇದೆ ಎಂಬುದೇ ಈ ಗುಡ್ಡಕ್ಕೆ ಕಂಟಕ" ಎಂದರು.

ಆ ಕಂಟಕದ ಕಥೆಯನ್ನು ಗದಗಿನವರು ಬೇಗ ಮರೆಯುವುದಿಲ್ಲ. 2015ರಲ್ಲಿ ಸರಕಾರ ಈ ಗುಡ್ಡವನ್ನು ಸಂರಕ್ಷಿತ ಪ್ರದೇಶವೆಂದು ಘೋಷಿಸಿತು. ಮರುವರ್ಷವೇ ಆ ಆದೇಶವನ್ನು ಹಿಂದಕ್ಕೆ ಪಡೆಯಿತು. ಗಣಿಗಾರಿಕೆಗೆ ಬಾಗಿಲು ತೆರೆದಂತಾಯಿತು ಎಂದು ಜನ ಬೀದಿಗಿಳಿದರು. 2017ರ ಫೆಬ್ರುವರಿಯಲ್ಲಿ ಗದಗಿನಲ್ಲಿ ನಡೆದ ಹಗಲು-ರಾತ್ರಿಯ ಧರಣಿಯ ಮುಂದೆ ನಿಂತವರು ತೋಂಟದಾರ್ಯ ಮಠದ ಸಿದ್ಧಲಿಂಗ ಸ್ವಾಮೀಜಿ. ಕಪ್ಪತಗುಡ್ಡದ ನಂದಿವೇರಿ ಮಠದ ಶಿವಕುಮಾರ ಸ್ವಾಮೀಜಿಯಂತೂ ಈ ಗುಡ್ಡದ ಪರವಾಗಿ ದನಿಯೆತ್ತುತ್ತಲೇ ಬಂದವರು. ಅದೇ ವರ್ಷ ಸಂರಕ್ಷಿತ ಪ್ರದೇಶದ ಪಟ್ಟ ವಾಪಸು ಬಂತು. 2019ರಲ್ಲಿ ಸುಮಾರು 244 ಚದರ ಕಿಲೋಮೀಟರ್ ವನ್ಯಜೀವಿ ಧಾಮವಾಯಿತು. ಈಗ ಒಳಗೆ ಹೋಗಲು ಅರಣ್ಯ ಇಲಾಖೆಯನ್ನು ಕೇಳಬೇಕು, ಸಂಜೆಯಾಗುವ ಮೊದಲೇ ಹೊರಗಿರಬೇಕು. ಇದರಿಂದ ಕಿರಿಕಿರಿಯಾಯಿತು ಎನ್ನುವ ಪ್ರವಾಸಿಗರನ್ನು ಕಂಡಿದ್ದೇನೆ. ಗುಡ್ಡ ಉಳಿದಿದ್ದರೆ ತಾನೇ ಹತ್ತುವ ಮಾತು?

ಮುಂದಿನ ಏರಿನಲ್ಲಿ ಬಾದೆ ಹುಲ್ಲು. ನಡೆದರೆ ಎರಡೂ ಕಡೆ ಸೊಂಟಕ್ಕೆ ತಾಗುತ್ತದೆ, ಹಿಸುಕಿದರೆ ಘಮಘಮ. ಬೇಸಿಗೆಯಲ್ಲಿ ಇದೇ ಹುಲ್ಲು ಒಣಗಿ ಬೆಂಕಿಗೆ ಸೌದೆಯಾಗುತ್ತದೆ. ಸುಟ್ಟರೆ ಮಳೆಗೆ ಹೊಸ ಚಿಗುರು ಚೆನ್ನಾಗಿ ಬರುತ್ತದೆ ಎಂಬ ನಂಬಿಕೆಯಿಂದ ಕಡ್ಡಿ ಗೀರುವವರಿದ್ದಾರೆ, ಬೀಡಿ ಎಸೆದು ಹೋಗುವವರೂ ಇದ್ದಾರೆ. ರಾತ್ರಿ ಊರಿನಿಂದ ನೋಡಿದರೆ ಗುಡ್ಡದ ಮೇಲೆ ಬೆಂಕಿಯ ಗೆರೆ ಹರಿದಾಡುವುದು ಕಾಣುತ್ತದೆ, ಮರುದಿನ ಗಾಳಿಯಲ್ಲಿ ಬೂದಿ ಬರುತ್ತದೆ ಎಂದರು ಕಾಕಾ. ಚಿರತೆ, ತೋಳ, ಕತ್ತೆಕಿರುಬ ಇರುವ ಕಾಡು ಇದು. ನಮಗೆ ಸಿಕ್ಕಿದ್ದು ದಾರಿಯಲ್ಲಿ ಬಿದ್ದಿದ್ದ ಮುಳ್ಳುಹಂದಿಯ ಒಂದು ಮುಳ್ಳು, ದೂರದ ನವಿಲಿನ ಕೂಗು. ತೋಳವನ್ನು ಕಂಡರೆ ಏನು ಮಾಡಬೇಕು ಎಂದು ಕೇಳಿದ್ದಕ್ಕೆ, "ಕುರಿ ಎಣಿಸಬೇಕು" ಎಂದು ಉತ್ತರ.

ಗಾಳಿಗುಂಡಿ ಬಸವಣ್ಣನ ಜಾಗಕ್ಕೆ ಬಂದಾಗ ಬಿಸಿಲು ಏರಿತ್ತು. ಆದರೆ ಮೈಗೆ ತಾಗಿದ್ದು ಬಿಸಿಲಲ್ಲ, ಗಾಳಿ. ಎದುರು ನಿಂತರೆ ಮಾತು ಬಾಯಿಂದ ಹೊರಬಿದ್ದದ್ದೇ ಹಿಂದಕ್ಕೆ ಹೋಗುತ್ತದೆ. ಮಾಸ್ತರರ ಟೋಪಿ ಹಾರಿ ಹುಲ್ಲಿನಲ್ಲಿ ಎಲ್ಲೋ ಬಿತ್ತು. ಕಾಕಾ ಅದನ್ನು ಕೋಲಿನಿಂದ ಎತ್ತಿ ತಂದು ಕೊಟ್ಟರು, ನಗಲಿಲ್ಲ. ಈ ಗಾಳಿಯನ್ನು ನಂಬಿಯೇ ಬೆನ್ನಗುಡ್ಡಗಳ ಮೇಲೆ ಗಾಳಿಯಂತ್ರಗಳು ಎದ್ದಿರುವುದು. ಊರವರು ಅವನ್ನು ಫ್ಯಾನು ಎನ್ನುತ್ತಾರೆ. ಗುಡ್ಡ ಅಗೆಯುವುದಕ್ಕಿಂತ ಇದು ವಾಸಿ ಎಂದು ನಾನು ಹೇಳಿದೆ. ಕಂಬ ನಿಲ್ಲಿಸುವ ಮೊದಲು ರಸ್ತೆ ಬರುತ್ತದೆ, ರಸ್ತೆಗೆ ಗುಡ್ಡ ಕಡಿಯುತ್ತಾರೆ, ರಸ್ತೆ ಬಂದ ಮೇಲೆ ಕೊಡಲಿಯೂ ಬರುತ್ತದೆ ಎಂದು ಮಾಸ್ತರರು ಲೆಕ್ಕ ಒಪ್ಪಿಸಿದರು. ಇಬ್ಬರೂ ಸೋಲಲಿಲ್ಲ.

ಕೆಳಗಿನ ನೋಟವನ್ನು ನಾನು ಒಬ್ಬನೇ ನೋಡಿದ್ದರೆ ಚೆಂದ ಎಂದು ಹೇಳಿ ಮುಗಿಸುತ್ತಿದ್ದೆ. ಕಾಕಾ ಅದನ್ನು ಕೋಲಿನ ತುದಿಯಿಂದ ಓದಿ ಹೇಳಿದರು. ಗುಡ್ಡದ ಬುಡದ ಕೆಂಪು ಪಟ್ಟಿ ಮಸಾರಿ ನೆಲ: ಶೇಂಗಾ, ಗೋವಿನಜೋಳ. ಅದರಾಚೆ ಕಪ್ಪಗೆ ಹಾಸಿಕೊಂಡದ್ದು ಎರೆ: ಹಿಂಗಾರಿಯ ಜೋಳ, ಕಡಲೆ, ಹತ್ತಿ. ನೀರು ಹೊಳೆಯುವುದು ಡಂಬಳದ ಕೆರೆ. ಮುಂಡರಗಿ ಆ ದಿಕ್ಕಿಗೆ, ಅದರಾಚೆ ತುಂಗಭದ್ರೆ. ಬೆನ್ನ ಹಿಂದೆ ಶಿರಹಟ್ಟಿ ಸೀಮೆ. ಹೊಲಗಳ ನಡುವೆ ಚುಕ್ಕೆ ಚುಕ್ಕೆಯಾಗಿ ಬೆಳ್ಳಗೆ ಕಂಡದ್ದು ಕುರಿಯ ಹಿಂಡು. ಸುಗ್ಗಿ ಮುಗಿದ ಹೊಲದಲ್ಲಿ ರಾತ್ರಿ ಕುರಿ ನಿಲ್ಲಿಸಿದರೆ ಹಿಕ್ಕೆ ಮತ್ತು ಗಂಜಳದಿಂದ ನೆಲಕ್ಕೆ ಗೊಬ್ಬರ. ಹೊಲದವರು ಕುರಿಗಾರರಿಗೆ ಕಾಳು ಅಥವಾ ದುಡ್ಡು ಕೊಡುತ್ತಾರೆ. "ಮೊದಲು ನಮ್ಮನ್ನು ಕರೆಯಲು ಬರುತ್ತಿದ್ದರು. ಈಗ ಗೊಬ್ಬರದ ಚೀಲ ತರಲು ಹೋಗುತ್ತಾರೆ" ಎಂದರು. ಆಮೇಲೆ ಸೂರ್ಯನನ್ನು ನೋಡಿ, "ಏಳಿರಿ" ಎಂದರು.

ಇಳಿಯುವಾಗ ವಿಶೇಷವೇನಿಲ್ಲ, ಮೊಣಕಾಲಿಗೆ ಮಾತ್ರ ನೆನಪಿರುವ ದಾರಿ.

ಹೊಲದಲ್ಲಿ ನಮಗಿಂತ ಮೊದಲೇ ಅವರ ಮನೆಯವರು ಬಂದಿದ್ದರು. ಬಂಡಿಯ ಬದಲು ಟ್ರ್ಯಾಕ್ಟರ್, ಅದರ ಟ್ರೈಲರಿನಲ್ಲಿ ಹೆಂಗಸರು, ಮಕ್ಕಳು, ಬುಟ್ಟಿಗಳು. ಸೀಗಿ ಹುಣ್ಣಿಮೆಯ ಬುಟ್ಟಿಯನ್ನು ಹತ್ತಿರದಿಂದ ನೋಡಬೇಕು. ಬಿದಿರಿನ ಬುಟ್ಟಿಗೆ ಸಗಣಿ ಸಾರಿಸಿ, ಅದರ ಮೇಲೆ ಕೆಮ್ಮಣ್ಣು ಬಳಿದು, ಬಿಳಿಯ ಬಣ್ಣದಲ್ಲಿ ಚಿತ್ರ ಬರೆದಿದ್ದರು: ಜೋಳದ ತೆನೆ, ಎತ್ತು, ಬಂಡಿ, ಸೂರ್ಯ, ಚಂದ್ರ. ಒಂದು ಬುಟ್ಟಿಯ ಮೇಲೆ ಸಾಲಾಗಿ ಮೂರು ಫ್ಯಾನುಗಳೂ ಇದ್ದವು, ಮೂರು ಮೂರು ರೆಕ್ಕೆಯವು. ಕಾಕಾ ಅವರ ಸೊಸೆ ಬರೆದದ್ದು. "ದಿನಾ ಕಣ್ಣಿಗೆ ಬೀಳುತ್ತವೆಯಲ್ಲ, ಬಿಡುವುದು ಹೇಗೆ?" ಎಂದರು ಆಕೆ. ಗುಡ್ಡದ ಮೇಲಿನ ನಮ್ಮ ವಾದಕ್ಕಿಂತ ಈ ಬುಟ್ಟಿ ನನಗೆ ಹೆಚ್ಚು ಹಿಡಿಸಿತು.

ಫಲ ತುಂಬಿ ನಿಂತ ಭೂಮಿತಾಯಿ ಬಸುರಿ, ಅವಳ ಬಯಕೆ ತೀರಿಸುವ ಊಟ ಇದು ಎಂಬುದು ಈ ಹಬ್ಬದ ಲೆಕ್ಕ. ಬನ್ನಿಗಿಡದ ಬುಡದಲ್ಲಿ ಐದು ಕಲ್ಲಿಗೆ ಸುಣ್ಣ ಹಚ್ಚಿ ಪಾಂಡವರೆಂದು ಕೂರಿಸಿ ಪೂಜೆ ಮಾಡಿದರು. ಎಲ್ಲ ಅಡುಗೆಯನ್ನೂ ಸ್ವಲ್ಪ ಸ್ವಲ್ಪ ಕಲಸಿ ಚರಗ ಮಾಡಿಕೊಂಡು ಹೊಲದ ಸುತ್ತ ಹೊರಟರು. ಮುಂದಿನವರು ಚೆಲ್ಲುತ್ತಾರೆ, ಹಿಂದಿನವರು ತಂಬಿಗೆಯಿಂದ ನೀರು ಚಿಮುಕಿಸುತ್ತಾರೆ. "ಹುಲ್ಲುಲ್ಲಿಗೋ" ಎಂಬ ಕೂಗು ಒಂದು ಹೊಲದಿಂದ ಎದ್ದರೆ ಪಕ್ಕದ ಹೊಲದವರು ಇನ್ನಷ್ಟು ಗಟ್ಟಿಯಾಗಿ ಉತ್ತರ ಕೊಡುತ್ತಾರೆ. ಕೂಗಿನ ಉಳಿದ ಅರ್ಧ ಒಂದೊಂದು ಊರಿಗೆ ಒಂದೊಂದು ಥರ. ಅಕ್ಕನ ಮಗಳು ಮೊದಲು ನಾಚಿಕೊಂಡಳು, ಎರಡನೆಯ ಬದುವಿನ ಹೊತ್ತಿಗೆ ಅವಳ ದನಿಯೇ ಎಲ್ಲರಿಗಿಂತ ಮೇಲಿತ್ತು.

ಊಟದ ಬಗ್ಗೆ ಸಂಯಮದಿಂದ ಬರೆಯುವುದು ಕಷ್ಟ. ಸಜ್ಜೆ ರೊಟ್ಟಿ, ಜೋಳದ ರೊಟ್ಟಿ, ಎಣ್ಣೆಗಾಯಿ ಬದನೆ, ಪುಂಡಿಪಲ್ಯ, ಮಡಕೆಕಾಳಿನ ಪಲ್ಯ, ಗುರೆಳ್ಳು ಚಟ್ನಿ, ಕೆಂಪು ಖಾರ, ಮೊಸರನ್ನದ ಬುತ್ತಿ, ಕರ್ಚಿಕಾಯಿ, ಶೇಂಗಾ ಹೋಳಿಗೆ. ಸಾಕು ಎಂದವರ ತಟ್ಟೆಗೆ ಮತ್ತೊಂದು ರೊಟ್ಟಿ ಬೀಳುವುದು ಇಲ್ಲಿನ ಕಾನೂನು. ಪುಂಡಿಪಲ್ಯದ ಹುಳಿಗೆ ಹಸಿ ಉಳ್ಳಾಗಡ್ಡಿಯನ್ನು ಗುದ್ದಿ ಒಡೆದು ಕಚ್ಚಬೇಕು, ಕತ್ತರಿಸಿದರೆ ಆ ರುಚಿ ಇಲ್ಲ. ಕೂಲಿಯ ಮಾತನ್ನು ಕಾಕಾ ಆಗಲೂ ಎತ್ತಲಿಲ್ಲ. ಕೊನೆಗೆ ನಾವೇ ದುಡ್ಡು ಚಾಚಿದಾಗ ಎಣಿಸದೆ ಅಂಗಿಯ ಒಳಜೇಬಿಗೆ ಹಾಕಿಕೊಂಡು, ಊಟದ್ದು ಇದರಲ್ಲಿ ಸೇರಿಲ್ಲ ತಾನೇ ಎಂದು ಖಾತರಿ ಮಾಡಿಕೊಂಡರು.

ಸಂಜೆ ಡಂಬಳದಲ್ಲಿ ಇಳಿದೆವು. ಹನ್ನೆರಡನೆಯ ಶತಮಾನದ ದೊಡ್ಡಬಸಪ್ಪ ಗುಡಿಯ ಗರ್ಭಗೃಹದ ಹೊರಗೋಡೆ 24 ಮೂಲೆಗಳ ನಕ್ಷತ್ರ. ಗೋಡೆಯ ಪಕ್ಕ ನಿಧಾನವಾಗಿ ನಡೆದರೆ ಒಂದೊಂದು ಮೂಲೆಯೂ ಬಿಸಿಲನ್ನು ಕತ್ತರಿಸಿ ನೆರಳಿನ ಪಟ್ಟಿ ಮಾಡುವುದು ಕಾಣುತ್ತದೆ. ಇದೇ ಊರಿನಲ್ಲಿ 1095ರ ಶಾಸನವೊಂದು ಬೌದ್ಧರ ತಾರಾದೇವಿಯನ್ನು ಸ್ತುತಿಸುತ್ತದೆ. ಜಪದ ಬಾವಿ ಹತ್ತಿರದಲ್ಲೇ ಇದೆ. ಮೆಟ್ಟಿಲಿಳಿಯಲು ನಮ್ಮ ಮೊಣಕಾಲು ಒಪ್ಪದ್ದರಿಂದ ಮೇಲಿನಿಂದಲೇ ನೋಡಿದೆವು.

ಹೋಗುವವರು ಮಳೆ ಕಡಿಮೆಯಾದ ಮೇಲೆ, ದೀಪಾವಳಿಯ ಆಸುಪಾಸಿನ ತನಕ ಹೋಗಬೇಕು. ಏಪ್ರಿಲ್, ಮೇ ಬೇಡ. ಕುಡಿಯುವ ನೀರು ಮೇಲೆ ಸಿಗುತ್ತದೆ ಎಂದು ಯಾವ ಕಾಲದಲ್ಲೂ ನಂಬಬೇಡಿ. ಗದಗಿನಿಂದ ಮುಂಡರಗಿಗೆ ಹೋಗುವ ಬಸ್ಸುಗಳು ಡಂಬಳದ ಮೇಲೆ ಹಾಯುತ್ತವೆ, ಅಲ್ಲಿಂದ ಡೋಣಿ ದೂರವಲ್ಲ. ಬೆಂಕಿಪೊಟ್ಟಣ ಮನೆಯಲ್ಲೇ ಇರಲಿ. ದಾರಿ ತೋರಿಸಲು ಊರಿನವರನ್ನೇ ಕೇಳಿರಿ, ಕುರಿ ಕಾಯ್ದವರು ಸಿಕ್ಕರೆ ಬೇರೆಯವರನ್ನು ಹುಡುಕಬೇಡಿ.