ಬಸ್ ಡ್ರೈವರ್‌ಗಳು ಕೇಳೋ ಹಾಡು

ಭಾನುವಾರ ಇಂಡೋನೇಷ್ಯಾದ ಜಾವಾ ದ್ವೀಪದ ಸೋಲೋ ಊರಲ್ಲಿ ಸಹೋದ್ಯೋಗಿಯ ಮದುವೆ. ಜಕಾರ್ತಾದಿಂದ ಆಫೀಸಿನವರೆಲ್ಲ ಹೋಗಿದ್ದೆವು. ಊಟದ ಹೊತ್ತಿಗೆ ವೇದಿಕೆ ಮೇಲಿದ್ದ ಹುಡುಗಿ ಜಾವಾದ ಜನಪ್ರಿಯ ಗಾಯಕ ದಿದಿ ಕೆಂಪೋಟ್ ಅವರ ಹಾಡು ಎತ್ತಿಕೊಂಡಳು. ನಮ್ಮ ಮ್ಯಾನೇಜರ್ ಮುಖ ಸಿಂಡರಿಸಿ, "ಬಸ್ ಡ್ರೈವರ್‌ಗಳು ಕೇಳೋ ಹಾಡು ಇದು" ಅಂದರು. ಪಕ್ಕದಲ್ಲಿದ್ದ ಟ್ರೇನಿ ಹುಡುಗಿ ಥಟ್ಟನೆ ಹೇಳಿದಳು: "ಹಬ್ಬಕ್ಕೆ ಊರಿಗೆ ಬಸ್ಸಲ್ಲೇ ಬರೋದು ಅಲ್ವಾ ಪಾಕ್ (ಅಂದರೆ ಸಾರ್), ನಾವೆಲ್ಲ?"

ಅವರು ಮರುಮಾತಾಡಲಿಲ್ಲ. ನನಗೆ ಮಾತ್ರ ವಾರವಿಡೀ ಅದೇ ಕಿವಿಯಲ್ಲಿದೆ. ಊರಿಗೆ ಬಸ್ಸಲ್ಲೇ ಬರೋದು ಅಲ್ವಾ.

ದಿದಿ ಇದೇ ಸೋಲೋದ ಬೀದಿಗಳಲ್ಲಿ ಹಾಡಿ ಕಾಸು ಸಂಪಾದಿಸಿದವರು. ಬರೆದದ್ದು ಜಾವಾ ಭಾಷೆಯಲ್ಲಿ. ಕೈಕೊಟ್ಟು ಹೋದವರ ಹಾಡುಗಳೇ ಜಾಸ್ತಿ. ಬಿಟ್ಟುಹೋದ ಜಾಗವೂ ಹೆಸರು ಸಮೇತ ಬರುತ್ತದೆ: ಬಾಲಾಪನ್ ರೈಲು ನಿಲ್ದಾಣ, ತಿರ್ತೋನದಿ ಬಸ್ ನಿಲ್ದಾಣ. ದುಡಿಯೋಕೆ ಊರು ಬಿಟ್ಟವರೆಲ್ಲ ಅಲ್ಲೇ ಯಾರಿಗೋ ಕೈಬೀಸಿ ಹೋದವರು.

2019ರಲ್ಲಿ ಕಾಲೇಜು ಹುಡುಗರು ಈ ಹಾಡುಗಳನ್ನು ಮತ್ತೆ ತಲೆ ಮೇಲೆ ಹೊತ್ತುಕೊಂಡರು. 'ಸೋಬತ್ ಆಂಬ್ಯಾರ್', ಅಂದರೆ ಮನಸ್ಸು ಒಡೆದ ಗೆಳೆಯರು ಅಂತ ತಮ್ಮನ್ನು ಕರೆದುಕೊಂಡು, ಸಾವಿರಾರು ಜನ ಒಟ್ಟಿಗೆ ನಿಂತು ಅತ್ತರು. 2020ರ ಏಪ್ರಿಲ್‌ನಲ್ಲಿ ದಿದಿ ಮನೆಯಿಂದಲೇ ಹಾಡಿ ಕೋವಿಡ್ ಪರಿಹಾರಕ್ಕೆ ದುಡ್ಡು ಕೂಡಿಸಿದರು. ಮೇ 5ಕ್ಕೆ ಹೋಗಿಬಿಟ್ಟರು. ಬರೀ 53 ವರ್ಷ.

ಮದುವೆಯಲ್ಲಿ ನಾನು ಕಂಡದ್ದು ಹೇಳಬೇಕು. ಕೈಕೊಟ್ಟವಳು ಹೊಸ ಗಂಡನನ್ನು ತೋರಿಸಿ ಮೆರೆಯೋದನ್ನು ಕಂಡವನ ದುಃಖದ ಹಾಡು. ನಡುವೆ ಬಾಟಿಕ್ ಅಂಗಿಯ ಹುಡುಗರೆಲ್ಲ ಕೈ ಎತ್ತಿ "ಚೆಂಡೋಲ್, ದಾವೆತ್!" ಅಂತ ಕೂಗಿದರು. ತೆಂಗಿನ ಹಾಲು, ಬೆಲ್ಲ, ಹಸಿರು ಶ್ಯಾವಿಗೆ ಹಾಕಿದ ತಂಪು ಪಾನೀಯ ಅದು. ಒಬ್ಬ "ಎಷ್ಟು?" ಅಂದರೆ ಉಳಿದವರು "ಐನೂರು!" ಅಂತಾರೆ. ಮತ್ತೆ ಹಾಡು, ಮತ್ತೆ ಅಳು. ಗಂಟಲು ಕಟ್ಟಿದ್ದವರೂ ಬೆಲೆ ಕೂಗುತ್ತಿದ್ದರು. ಎಷ್ಟು ಚೆಂದ ಅದು!

ಮ್ಯಾನೇಜರ್ ಕೆಟ್ಟವರಲ್ಲ. ಆದರೆ ಊರಿನದು ಏನೇ ಬಂದರೂ ಮೂಗು ಮುರೀತಾರೆ. ಅಮ್ಮನ ಫೋನ್ ಬಂದರೆ ಅವರೂ ಜಾವಾ ಭಾಷೆಯಲ್ಲೇ ಮಾತಾಡೋದು, ಅದೂ ಎದ್ದು ಆಚೆ ಹೋಗಿ. ಇಡೀ ದೇಶದಲ್ಲಿ ಅತಿ ಹೆಚ್ಚು ಜನರ ಮನೆಮಾತು ಅದು. ಆದರೂ ಆಫೀಸಿನಲ್ಲಿ, ಟಿವಿಯಲ್ಲಿ ಇಂಡೋನೇಷ್ಯನ್ ಮಾತಾಡಿದರೇ ಮರ್ಯಾದೆ ಅಂತ ಒಂದು ತಲೆಮಾರು ನಂಬಿಕೊಂಡಿತು. ಬೆಂಗಳೂರಿನಲ್ಲಿ ಕೆಲಸ ಮಾಡಿ ಬಂದ ನನಗೆ ಈ ಆಚೆ ಹೋಗಿ ಮಾತಾಡೋದು ಚೆನ್ನಾಗಿ ಗೊತ್ತು.

ಆ ಹುಡುಗಿಗೆ ಇನ್ನೂ ಕೆಲಸ ಖಾಯಂ ಆಗಿಲ್ಲ. ಆದರೂ ಮ್ಯಾನೇಜರ್‌ಗೆ ಎದುರು ಹೇಳಿದಳು. ಕೈಕೊಟ್ಟವರ ಹೆಸರು ಹಿಡಿದು ಜಾವಾ ಭಾಷೆಯಲ್ಲಿ ಸಾವಿರ ಜನರ ನಡುವೆ ಅತ್ತ ಮಕ್ಕಳು ಇವರು. ಒಂದು ಊಟದ ಮೇಜಿಗೆ ಯಾಕೆ ಹೆದರುತ್ತಾರೆ?