ಟೆಕ್ಸಾಸಿನ ಗನ್ನು, ನಮ್ಮ ಎಚ್-1ಬಿ ವೀಸಾ

ಟೆಕ್ಸಾಸಿಗೆ ಹೊಸದಾಗಿ ಬಂದವರು ಮೊದಲು ಬಾಗಿಲು ಓದೋದನ್ನು ಕಲಿಯಬೇಕು. ಡಾಲಸ್ ಸುತ್ತಮುತ್ತ ಎಷ್ಟೋ ಅಂಗಡಿ, ಆಫೀಸುಗಳ ಗಾಜಿನ ಮೇಲೆ ಇಂಗ್ಲಿಷ್ ಮತ್ತು ಸ್ಪ್ಯಾನಿಷ್‌ನಲ್ಲಿ ದಪ್ಪ ಅಕ್ಷರದ ಗನ್ ನಿಷೇಧದ ಬೋರ್ಡುಗಳಿರುತ್ತವೆ. ಅಕ್ಷರ ಕನಿಷ್ಠ ಒಂದು ಇಂಚು ಎತ್ತರ ಇರಬೇಕು ಅಂತ ಕಾನೂನಿನಲ್ಲೇ ಬರೆದಿದೆ. 30.05, 30.06, 30.07 ಅನ್ನೋವು ಇಲ್ಲಿನ ದಂಡ ಸಂಹಿತೆಯ ಸೆಕ್ಷನ್ ನಂಬರುಗಳು. 30.06 ಇದ್ದರೆ ಲೈಸೆನ್ಸ್ ಇರುವವರೂ ಬಟ್ಟೆಯೊಳಗೆ ಪಿಸ್ತೂಲು ಬಚ್ಚಿಟ್ಟುಕೊಂಡು ಒಳಗೆ ಬರುವಂತಿಲ್ಲ. 30.07 ಇದ್ದರೆ ಕಾಣುವಂತೆ ಇಟ್ಟುಕೊಂಡೂ ಬರುವಂತಿಲ್ಲ. 30.05 ಇರೋದು ಲೈಸೆನ್ಸ್ ಇಲ್ಲದವರಿಗೆ. ಯಾರೂ ಗನ್ ತರಬಾರದು ಅನ್ನುವ ಮಾಲೀಕ ಮೂರನ್ನೂ ಅಂಟಿಸಬೇಕು. ಒಳಗೆ ಏನು ಮಾರುತ್ತಾರೆ ಅನ್ನೋದನ್ನು ಆಮೇಲೆ ಹುಡುಕಬೇಕು. ಬಾರ್‌ಗಳಲ್ಲಿ ಕೆಂಪು ಬಣ್ಣದ '51%' ಬೋರ್ಡು ಇರುತ್ತದೆ. ಅಲ್ಲೇ ಕುಡಿಯೋಕೆ ಕೊಡುವ ಮದ್ಯದಿಂದ ಅರ್ಧಕ್ಕಿಂತ ಜಾಸ್ತಿ ಆದಾಯ ಬರುವ ಜಾಗ ಅಂತ ಅರ್ಥ. ಅಲ್ಲಿ ಗನ್ ತಂದರೆ ಅಪರಾಧ.

ಊರಿಂದ ಫೋನ್ ಮಾಡುವವರಿಗೆ ಗೊತ್ತಿರೋದು ಒಂದೇ ಸಾಲು. "ಅಲ್ಲಿ ಯಾರು ಬೇಕಾದ್ರೂ ಗನ್ ಇಟ್ಕೊಂಡು ಓಡಾಡಬಹುದಂತೆ, ಹೌದಾ?" ಪೂರ್ತಿ ಸುಳ್ಳಲ್ಲ. 2021ರ ಸೆಪ್ಟೆಂಬರ್ 1ರಿಂದ ಟೆಕ್ಸಾಸಿನಲ್ಲಿ ಪಿಸ್ತೂಲು ಹೊತ್ತು ತಿರುಗೋಕೆ ಲೈಸೆನ್ಸ್ ಬೇಕಿಲ್ಲ. 21 ತುಂಬಿರಬೇಕು ಅಂತ ಆ ಕಾನೂನು ಹೇಳಿತ್ತು. 18 ತುಂಬಿದವರನ್ನು ತಡೆಯುವಂತಿಲ್ಲ ಅಂತ 2022ರಲ್ಲಿ ಫೆಡರಲ್, ಅಂದ್ರೆ ಕೇಂದ್ರದ ಕೋರ್ಟು ತೀರ್ಪು ಕೊಟ್ಟಿತು. ಹೀಗೆ ಪರ್ಮಿಟ್ ಕೇಳದ ರಾಜ್ಯಗಳು ಈಗ 29 ಇವೆ. ವರ್ಮಾಂಟ್ ಯಾವತ್ತೂ ಕೇಳಿದ್ದೇ ಇಲ್ಲ. 2003ರಲ್ಲಿ ಅಲಾಸ್ಕಾ, 2010ರಲ್ಲಿ ಅರಿಜೋನಾ ಸೇರಿದವು. ಆಮೇಲೆ ಸಾಲು ಸಾಲಾಗಿ ಬಂದವು. ಫ್ಲಾರಿಡಾ ಬಂದಿದ್ದು 2023ರಲ್ಲಿ, ಲೂಯಿಸಿಯಾನಾ 2024ರಲ್ಲಿ.

ಲೈಸೆನ್ಸ್ ಇಲ್ಲದ ಗನ್ ನಮಗೆ ತೀರಾ ಹೊಸದೇನಲ್ಲ ಬಿಡಿ. ಕೊಡವರಿಗೂ ಕೊಡಗಿನ ಜಮ್ಮಾ ಭೂಮಿಯ ಹಿಡುವಳಿದಾರರಿಗೂ ಶಸ್ತ್ರಾಸ್ತ್ರ ಕಾಯ್ದೆಯ ಲೈಸೆನ್ಸ್‌ನಿಂದ ವಿನಾಯಿತಿ ಇದೆ. 2019ರಲ್ಲಿ ಕೇಂದ್ರ ಸರ್ಕಾರ ಅದನ್ನು 2029ರವರೆಗೆ ಮುಂದುವರಿಸಿತು. ಆದರೆ ಕೊಡವರ ಆಯುಧ ಪೂಜೆಯ ಹಬ್ಬ ಕೈಲ್‌ಪೊಳ್ದಿನ ದಿನ ಕೋವಿಗೆ ಹೂ ಮುಡಿಸಿ ಪೂಜೆ ಮಾಡೋದೇ ಬೇರೆ, ತುಂಬಿದ ಪಿಸ್ತೂಲನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಹಾಲು ತರೋಕೆ ಹೋಗೋದೇ ಬೇರೆ.

ನನಗೆ ಕಂಡಂತೆ ಈ ಲೈಸೆನ್ಸ್ ತೆಗೆದಿದ್ದರಿಂದ ಸಾಮಾನ್ಯ ಮನುಷ್ಯನ ತಲೆನೋವು ಜಾಸ್ತಿಯೇ ಆಗಿದೆ. ಮೊದಲು ಕೆಲವು ಗಂಟೆ ಕ್ಲಾಸಿನಲ್ಲಿ ಕೂತು, 50 ಗುಂಡು ಹಾರಿಸಿ ತೋರಿಸಿ ಪಾಸಾಗಬೇಕಿತ್ತು. ಎಲ್ಲಿಗೆ ಒಯ್ಯಬಾರದು ಅಂತ ಆ ಕ್ಲಾಸಿನಲ್ಲೇ ಹೇಳಿಕೊಡುತ್ತಿದ್ದರು. ಈಗ ಯಾರೂ ಹೇಳಲ್ಲ, ನಿಯಮಗಳು ಮಾತ್ರ ಹಾಗೇ ಇವೆ. ಶಾಲೆ, ಕೋರ್ಟು, ಮತಗಟ್ಟೆ, ಏರ್‌ಪೋರ್ಟಿನ ತಪಾಸಣೆ ದಾಟಿದ ಜಾಗ, ಎಲ್ಲ ಕಡೆ ನಿಷೇಧ. ಹೊರಗೆ ಕಾಣುವಂತಿದ್ದರೆ ಪಿಸ್ತೂಲಿನ ಒರೆಯಲ್ಲಿ, ಅಂದ್ರೆ ಹೋಲ್‌ಸ್ಟರ್‌ನಲ್ಲಿ ಇರಲೇಬೇಕು. ಕಾರಿನ ಸೀಟಿನ ಮೇಲೆ ಸುಮ್ನೆ ಬಿಸಾಕುವಂತಿಲ್ಲ.

ಇದಕ್ಕಿಂತ ದೊಡ್ಡ ಗುಂಡಿ ಫೆಡರಲ್ ಕಾನೂನಿನಲ್ಲಿದೆ. ಶಾಲೆಯ ಆವರಣದಿಂದ 1,000 ಅಡಿಯೊಳಗೆ ತುಂಬಿದ ಗನ್ ಇಟ್ಟುಕೊಂಡು ರಸ್ತೆಯಲ್ಲಿ ಹೋದರೂ ಅದು ಅಪರಾಧ. ಆ ರಾಜ್ಯದ ಲೈಸೆನ್ಸ್ ಇದ್ದವರಿಗೆ ವಿನಾಯಿತಿ. ರಾಜ್ಯವೇ ಲೈಸೆನ್ಸ್ ಬೇಡ ಅಂದಿದೆ ಅಂತ ಹೊರಟವನಿಗೆ ಆ ವಿನಾಯಿತಿ ಇಲ್ಲ. ನಮ್ಮ ಬಡಾವಣೆಗಳಲ್ಲಿ ಶಾಲೆ ಸಿಗದೆ ಮೇನ್ ರೋಡು ಮುಟ್ಟೋದೇ ಕಷ್ಟ. ತಿಳಿದವರು 40 ಡಾಲರ್ ಕಟ್ಟಿ ಈಗಲೂ ಲೈಸೆನ್ಸ್ ಮಾಡಿಸೋದು ಇದಕ್ಕೇ.

ಇನ್ನೊಂದು ತಲೆನೋವು ಪ್ರಯಾಣ. ಡಾಲಸ್‌ನಿಂದ ಶಿಕಾಗೋಗೆ ಕಾರಿನಲ್ಲಿ ಹೊರಟಿರಿ ಅಂದುಕೊಳ್ಳಿ. ಓಕ್ಲಹೋಮಾ ಪರ್ಮಿಟ್ ಕೇಳಲ್ಲ, ಮಿಸೌರಿಯೂ ಕೇಳಲ್ಲ. ಸೇಂಟ್ ಲೂಯಿಸ್‌ನಲ್ಲಿ ಮಿಸಿಸಿಪ್ಪಿ ನದಿಯ ಸೇತುವೆ ದಾಟಿದರೆ ಇಲಿನಾಯ್. ಅಲ್ಲಿ ಪರ್ಮಿಟ್ ಕಡ್ಡಾಯ. ಬಚ್ಚಿಟ್ಟು ಒಯ್ಯೋಕೆ ಅವಕಾಶ ಕೊಟ್ಟಿದ್ದೇ 2013ರಲ್ಲಿ, ಅದೂ ಕೋರ್ಟು ಹೇಳಿದ ಮೇಲೆ. ಸೇತುವೆಯ ಈ ಕಡೆ ಹಕ್ಕು, ಆ ಕಡೆ ಕೇಸು. 1986ರ ಫೆಡರಲ್ ಕಾನೂನಿನ ರಕ್ಷಣೆ ಬೇಕಂದ್ರೆ ಗುಂಡು ತೆಗೆದು, ಕೈಗೆ ಸಿಗದ ಹಾಗೆ ಡಿಕ್ಕಿಯಲ್ಲಿಟ್ಟು ಸಾಗಿಸಬೇಕು.

ಈಗ ನಮ್ಮವರ ವಿಷಯ. ಇಲ್ಲಿರುವ ಕನ್ನಡಿಗರಲ್ಲಿ ತುಂಬಾ ಜನ ಕೆಲಸಕ್ಕೆ ಕೊಡುವ ಎಚ್-1ಬಿ ಅಥವಾ ಸ್ಟೂಡೆಂಟ್ ವೀಸಾದಲ್ಲಿದ್ದಾರೆ. ಟೆಕ್ಸಾಸಿನ ಈ ಉದಾರತೆ ಅವರಿಗೆ ಸಂಬಂಧವೇ ಇಲ್ಲ. ಇಂಥ ತಾತ್ಕಾಲಿಕ ವೀಸಾದಲ್ಲಿ ಬಂದವರು ಗನ್ನಾಗಲಿ, ಒಂದು ಗುಂಡಾಗಲಿ ಇಟ್ಟುಕೊಳ್ಳುವಂತಿಲ್ಲ ಅಂತ ಫೆಡರಲ್ ಕಾನೂನು ಹೇಳುತ್ತದೆ. ಬೇಟೆಯ ಲೈಸೆನ್ಸ್ ಇದ್ದವರಿಗೆ, ಇನ್ನು ಕೆಲವರಿಗೆ ಮಾತ್ರ ವಿನಾಯಿತಿ. ಮೀರಿದರೆ 15 ವರ್ಷದವರೆಗೂ ಜೈಲು. ಗನ್ ಕೇಸಿನಲ್ಲಿ ಶಿಕ್ಷೆಯಾದರೆ ದೇಶದಿಂದ ಹೊರಗೂ ಹಾಕಬಹುದು. ಗ್ರೀನ್ ಕಾರ್ಡ್ ಬಂದವರಿಗೆ ಈ ತಡೆ ಇಲ್ಲ. ಹಾಗಾಗಿ ಒಂದೇ ಗೆಳೆಯರ ಗುಂಪಿನಲ್ಲಿ ಒಬ್ಬನಿಗೆ ಸರಿಯಾದದ್ದು ಇನ್ನೊಬ್ಬನಿಗೆ ಅಪರಾಧ.

ವೀಕೆಂಡಿನಲ್ಲಿ "ಬಾರೋ, ಶೂಟಿಂಗ್ ರೇಂಜಿಗೆ ಹೋಗಿ ಬರೋಣ, ಬಾಡಿಗೆಗೆ ಗನ್ ಕೊಡ್ತಾರೆ" ಅಂತ ಕರೆಯೋರು ಸಿಗುತ್ತಾರೆ. ಫೋಟೋ ಚೆನ್ನಾಗಿ ಬರುತ್ತೆ, ನಿಜ. ಬಾಡಿಗೆ ಗನ್ನು ಅರ್ಧ ಗಂಟೆ ಕೈಯಲ್ಲಿದ್ದರೂ ಅದು ಇಟ್ಟುಕೊಂಡ ಲೆಕ್ಕವೇ. ಆ ಫೋಟೋ ಫೇಸ್‌ಬುಕ್‌ಗೆ ಹಾಕಿದರೆ ಸಾಕ್ಷಿಯನ್ನೂ ನೀವೇ ಒದಗಿಸಿದ ಹಾಗೆ. ವೀಸಾದಲ್ಲಿರುವವರು ವಕೀಲರನ್ನು ಕೇಳದೆ ಹೋಗಬೇಡಿ. ಗ್ರೀನ್ ಕಾರ್ಡ್ ಇರುವ ಗೆಳೆಯನ ಕಾರು ಓಡಿಸುವ ಮೊದಲು, ಗ್ಲವ್ ಬಾಕ್ಸಿನಲ್ಲಿ ಏನಿದೆ ಅಂತ ಬಾಯಿಬಿಟ್ಟು ಕೇಳಿ. ಸಂಕೋಚ ಬೇಡ, ಈ ಊರಲ್ಲಿ ಅದನ್ನು ಯಾರೂ ತಪ್ಪು ತಿಳಿಯಲ್ಲ.