ಆರನೇ ಟ್ರ್ಯಾಕ್ ಕೊನೆಗೂ ಇಳಿಯಿತು

ಅಮೆರಿಕದ ರ‍್ಯಾಪರ್ ನಟೋರಿಯಸ್ ಬಿ.ಐ.ಜಿ.ಯ ‘ರೆಡಿ ಟು ಡೈ’, 1994ರ ಸಿಡಿ. ಹದಿನೇಳು ಟ್ರ್ಯಾಕೂ ಕಂಪ್ಯೂಟರಿಗೆ, ಏನೂ ಕಳೆಯದ ಫ್ಲ್ಯಾಕ್ ಫೈಲುಗಳಾಗಿ ಇಳಿದವು, ಬೇರೆಯವರ ನಕಲುಗಳ ಜೊತೆ ತಾಳೆ ನೋಡುವ ಆ್ಯಕ್ಯುರೇಟ್‌ರಿಪ್‌ಗೂ ಹೊಂದಿದವು! ಹದಿನಾರು ಸುಲಭವಾಗಿ ಬಂದವು. ಸತಾಯಿಸಿದ್ದು ಆರನೆಯದು, ಆಲ್ಬಮ್ ಹೆಸರಿನದೇ ಹಾಡು.

ನನಗೆ ಬೇಕಿದ್ದದ್ದೂ ಅದೇ. ಅದರಲ್ಲಿ ಓಹಿಯೋ ಪ್ಲೇಯರ್ಸ್ ಎಂಬ ಫಂಕ್ ಬ್ಯಾಂಡ್‌ನ ಹಾಡಿನ ಒಂದು ಹಾರ್ನ್ (ತುತ್ತೂರಿ) ತುಣುಕು ಇದೆ. ಅದನ್ನು ಅನುಮತಿಯಿಲ್ಲದೆ ಬಳಸಲಾಗಿದೆ ಎಂದು 2006ರಲ್ಲಿ ನ್ಯಾಶ್‌ವಿಲ್‌ನ ಜ್ಯೂರಿ ಹೇಳಿತು. ಕೋರ್ಟು ಮಾರಾಟ ನಿಲ್ಲಿಸಿತು. ಆಮೇಲಿನ ಪ್ರತಿಗಳಲ್ಲಿ ಆ ತುಣುಕಿಲ್ಲ. ಸ್ಟ್ರೀಮಿಂಗ್‌ನವರು ಎಷ್ಟೇ ಬಿಟ್ ಕೊಟ್ಟರೂ ಕತ್ತರಿಸಿದ್ದು ವಾಪಸ್ ಬರುವುದಿಲ್ಲ, ಅಲ್ವಾ? ಹಳೇ ಸಿಡಿಗೆ ಅಷ್ಟು ಬೇಡಿಕೆ ಇರುವುದು ಇದಕ್ಕೇ.

ಮಾರಿದವರು ‘ಹೊಸದರಂತಿದೆ’ ಎಂದು ಬರೆದಿದ್ದರು. ತಳದ ಫೋಟೋ ಕೇಳಿದರೆ ಕವರಿನ ಫೋಟೋ ಕಳಿಸಿದರು. ಬಂದ ಮೇಲೆ ಬೆಳಕಿಗೆ ಹಿಡಿದರೆ ಸುತ್ತಿನ ದಿಕ್ಕಿನಲ್ಲೇ ಉದ್ದನೆಯ ಗೀರು! ನಡುವಿನಿಂದ ಅಂಚಿಗೆ ಎಳೆದ ಗೀರಾಗಿದ್ದರೆ ಚಿಂತೆ ಇರಲಿಲ್ಲ. ಸಿಡಿಯ ದೋಷ ತಿದ್ದುವ ವ್ಯವಸ್ಥೆ ಸುಮಾರು 2.5 ಮಿಲಿಮೀಟರ್‌ವರೆಗೆ ಕಳೆದದ್ದನ್ನು ಪೂರ್ತಿ ವಾಪಸ್ ಕಟ್ಟುತ್ತದೆ. ಸುತ್ತಿನ ಗೀರು ಅದನ್ನು ಎಲ್ಲೋ ಮೀರಿಬಿಡುತ್ತದೆ.

ಸಿಡಿ ನಕಲು ಮಾಡುವ ಇಎಸಿ ತಂತ್ರಾಂಶ ಹಾಡನ್ನು ಎರಡು ಸಲ ಓದಿ, ಪ್ರತಿ ಓದಿಗೂ ಸಿಆರ್‌ಸಿ ಎಂಬ ತಾಳೆ ಸಂಖ್ಯೆ ಕೊಡುತ್ತದೆ; ಎರಡೂ ಒಂದೇ ಇರಬೇಕು. ನನಗೆ ಟೆಸ್ಟ್‌ಗೆ ಒಂದು ಸಿಆರ್‌ಸಿ, ಕಾಪಿಗೆ ಇನ್ನೊಂದು. ಕಿವಿಗೆ ಏನೂ ಗೊತ್ತಾಗುವುದಿಲ್ಲ. ಓದಲಾಗದ ಜಾಗವನ್ನು ಡ್ರೈವ್ ಅಕ್ಕಪಕ್ಕ ನೋಡಿ ಅಂದಾಜಿನಲ್ಲಿ ತುಂಬಿಬಿಡುತ್ತದೆ. ಹಾಡು ಕಟ್ಟಿದ್ದು ಸಂಗೀತ ನಿರ್ಮಾಪಕ ಈಸಿ ಮೋ ಬೀ, ಅಂದಾಜು ನನ್ನ ಡ್ರೈವಿನದು. ನನಗೆ ಅದು ಬೇಡ. ವೇಗ ಇಳಿಸಿದೆ, ಪಾಲಿಶ್ ಹಾಕಿದೆ. ಸಿಆರ್‌ಸಿ ಪ್ರತಿ ಸಲವೂ ಬೇರೆ.

ಕೊನೆಗೆ ಬೆಂಗಳೂರಿನ ಎಸ್‌ಪಿ ರೋಡಿನಲ್ಲಿ ಹಳೇ ಪ್ಲೆಕ್ಸ್‌ಟರ್ ಡ್ರೈವ್ ಸಿಕ್ಕಿತು. ಡ್ರೈವ್ ಓದುವ ಜಾಗದ ಸಣ್ಣ ವ್ಯತ್ಯಾಸ ಸರಿಪಡಿಸಲು ಆಫ್‌ಸೆಟ್ +30 ಇಟ್ಟು, 4x ವೇಗದಲ್ಲಿ ಬಿಟ್ಟೆ. ಗೀರಿನ ಜಾಗದಲ್ಲಿ ತುಂಬಾ ಹೊತ್ತು ತಡಕಾಡಿತು. ಆಮೇಲೆ ಎರಡೂ ಸಿಆರ್‌ಸಿ ಒಂದೇ! ಖುಷಿಗೆ ಆ ಹಾರ್ನ್ ತುಣುಕನ್ನೇ ಮತ್ತೆ ಮತ್ತೆ ಹಾಕಿಕೊಂಡು ಕೂತೆ.

ಇಂಥ ತುಣುಕುಗಳನ್ನು ಹಿಡಿದು ನುಡಿಸುವ ಎಸ್‌ಪಿ-1200 ಸ್ಯಾಂಪ್ಲರೇ 12 ಬಿಟ್, 26.04 ಕಿಲೋಹರ್ಟ್ಸ್, ಅಂದರೆ ಸಿಡಿಗಿಂತ ಒರಟು, ಅದಕ್ಕೆ ಲಾಸ್‌ಲೆಸ್ (ಏನೂ ಕಳೆಯದ ಫೈಲು) ಯಾಕೆ ಅಂತ ಗೆಳೆಯರು ಕೇಳುತ್ತಾರೆ. ಆ ಒರಟುತನ ಹಾಡು ಕಟ್ಟಿದವರು ಬೇಕೆಂದೇ ಉಳಿಸಿಕೊಂಡದ್ದು. ಕಡಿಮೆ ಬಿಟ್‌ರೇಟಿನ ಎಂಪಿ3 ಅದರ ಮೇಲೆ ತನ್ನದೊಂದು ಕೊಳೆ ಸೇರಿಸುತ್ತದೆ. ಎರಡನ್ನೂ ಒಂದೇ ಅನ್ನಲು ನನಗೆ ಮನಸ್ಸಿಲ್ಲ.

ಮುಂದೆ ಡಿ ಲಾ ಸೋಲ್ ಎಂಬ ಹಿಪ್‌ಹಾಪ್ ತಂಡದ 1989ರ ‘3 ಫೀಟ್ ಹೈ ಅಂಡ್ ರೈಸಿಂಗ್’. ಸ್ಯಾಂಪಲ್ (ಬೇರೆ ಹಾಡಿನಿಂದ ತೆಗೆದ ತುಣುಕು) ಹಕ್ಕುಗಳ ಜಗಳದಲ್ಲಿ ಅದು ಸ್ಟ್ರೀಮಿಂಗ್‌ಗೆ ಬರಲು 2023ರ ಮಾರ್ಚ್ ಆಯಿತು. ಟಾಮಿ ಬಾಯ್ ಕಂಪನಿಯ ಹಳೇ ಸಿಡಿಯ ಪಕ್ಕ ಅದನ್ನಿಟ್ಟು ಒಂದೊಂದೇ ಹಾಡು ಹೋಲಿಸಬೇಕು. ನಿಮ್ಮ ಹತ್ತಿರ ಆ ಸಿಡಿಯ ಎರಡು ಪ್ರತಿ ಇದ್ದರೆ ಹೇಳಿ. ದುಡ್ಡು ಬೇಡದಿದ್ದರೆ ಬದಲಿಗೆ ಬೇರೆ ಸಿಡಿ ಕೊಡುತ್ತೇನೆ.